ಸಾವನದುರ್ಗದ ಬುಡದಲ್ಲಿ ನಿಂತ ಆಟ

ಕೊನೆಯ ಬಸ್ಸು ಹೋಗಿಬಿಟ್ಟಿತ್ತು. ಶಿವರಾಜು ಸಾತನೂರಿನ ತನ್ನ ಅಂಗಡಿಯ ಷಟರ್ ಎಳೆದ. ಬೀಗ ಹಾಕಿದ. ಜಗ್ಗಿ ನೋಡಿದ. ಹೆಗಲಿಗೆ ಒಂದು ಬಟ್ಟೆಯ ಚೀಲ ಹಾಕಿಕೊಂಡು ಊರಿನ ಕಡೆಗೆ ನಡೆದೇ ಹೊರಟ.

ಶಿವರಾಜು ನನ್ನ ತಂಗಿಯ ಮಗ. ಮೊಬೈಲ್ ರಿಪೇರಿ ಅವನ ಉದ್ಯೋಗ. ಸುಳ್ಳು ಹೇಳುವ ಅಭ್ಯಾಸ ಅವನಿಗಿಲ್ಲ. ಚಿಕ್ಕಂದಿನಲ್ಲೇ ನಾನು ಬಿಡಿಸಿದ್ದೇನೆ. ನನಗೆ ತಿಳಿದಂತೆ ಅವನು ಹೇಳಿರುವ ದೊಡ್ಡ ಸುಳ್ಳು ಒಂದೇ. ಈ ಸಂಗತಿ ಅದಕ್ಕೆ ಸೇರಿದ್ದು. ಅವನು ನನ್ನ ಎದುರಿಗೆ ನಿಂತು ಹೇಳಿದ್ದನ್ನು ಕೂಡಿಸದೆ, ಕಳೆಯದೆ ಹೇಳುತ್ತೇನೆ. ಮಧ್ಯೆ ಯಾರೂ ಮಾತಾಡತಕ್ಕದ್ದಲ್ಲ.

ಊರಿಗೆ ಮೊದಲು, ಹಿಪ್ಪುನೇರಳೆ ತೋಟದ ಅಂಚಿನಲ್ಲಿ, ಒಂದು ಹಾಳು ಬಾವಿ ಇದೆ. ನೀವೂ ನೋಡಿದ್ದೀರಿ. ಶಿವರಾಜು ಅದರ ಪಕ್ಕಕ್ಕೆ ಬಂದ. ಗಾಳಿ ಇರಲಿಲ್ಲ. ಅವನ ಚಪ್ಪಲಿಯ ಸದ್ದು ಬಿಟ್ಟರೆ ಬೇರೆ ಸದ್ದಿರಲಿಲ್ಲ. ಆಗ...

ಟಿಕ್.

ನಿಂತ. ಏನೂ ಇಲ್ಲ. ಮತ್ತೆ ಹೆಜ್ಜೆ ಎತ್ತಿದ.

ಟಿಕ್... ಟಕ್.

ಗಮನಿಸಿ. ಒಂದು ಸದ್ದಲ್ಲ, ಎರಡು. ಮೊದಲನೆಯದು, ಗುಂಡಿಯೊಂದನ್ನು ಒತ್ತಿದ ಸದ್ದು. ಎರಡನೆಯದು ತುಸು ತಡೆದು ಬಂತು. ಒತ್ತಿದ ಗುಂಡಿ ಒಳಗೆ ಅಂಟಿಕೊಂಡು, ಆಮೇಲೆ ಬಿಡಿಸಿಕೊಂಡು ಮೇಲೇಳುವ ಸದ್ದು ಅದು. ಹಾಗೆ ಎರಡು ಬಾರಿ ನುಡಿಯುವ ಗುಂಡಿ ಅವನಿಗೆ ಗೊತ್ತಿದ್ದದ್ದು ಒಂದೇ. ಅದು ಅವನ ಚೀಲದಲ್ಲಿತ್ತು. ಆದರೆ ಆ ಅಂಟನ್ನು ಅದೇ ಸಂಜೆ ಅವನೇ ಸ್ಪಿರಿಟ್ ಹಾಕಿ ಉಜ್ಜಿ ತೆಗೆದಿದ್ದ. ಇನ್ನು ಅದು ಎರಡು ಸಲ ನುಡಿಯುವ ಹಾಗಿರಲಿಲ್ಲ.

ಚೀಲದೊಳಗೆ ಕೈಯಿಟ್ಟು ನೋಡಿದ. ಸುತ್ತಿಟ್ಟ ವೈರು ಸುತ್ತಿದಂತೆಯೇ ಇತ್ತು. ಸದ್ದು ಚೀಲದಿಂದ ಬರುತ್ತಿರಲಿಲ್ಲ. ಅವನ ಎಡಗಡೆಯಲ್ಲಿ, ಜೊತೆಗೆ ನಡೆಯುವವನ ಕೈ ಇರುವಷ್ಟು ಎತ್ತರದಲ್ಲಿ... ಟಿಕ್... ಟಕ್. ಅವನು ನಡೆದರೆ ನಡೆಯಿತು. ನಿಂತರೆ ನಿಂತಿತು. ಮೊದಲ ಬೀದಿ ದೀಪದ ಬೆಳಕು ಬಿದ್ದಲ್ಲಿ ಹಿಂದೆ ಉಳಿಯಿತು.

ಚೀಲದಲ್ಲಿ ಇದ್ದದ್ದೇನು ಎಂಬುದನ್ನು ಈಗ ಹೇಳಬೇಕು.

ಟಿವಿಗೆ ಸಿಕ್ಕಿಸಿ ಆಡುವ ಒಂದು ಆಟದ ಪೆಟ್ಟಿಗೆ. ಹಳೆಯ ಕಾಲದ ವಿಡಿಯೋ ಗೇಮನ್ನು ಚಿಕ್ಕದಾಗಿ ಮಾಡಿ ಈಗ ಮತ್ತೆ ಮಾರುತ್ತಾರಲ್ಲ, ಆ ಜಾತಿಯದು, ಅಂಗೈಯಗಲ. ಅದು ಬೀರೇಶನದು. ಬೀರೇಶ್ ಎಂದರೆ ಕುರಿ ಸಾಕುವ ಹೊನ್ನಯ್ಯನ ಒಬ್ಬನೇ ಮಗ. ಶಿವರಾಜುವಿನ ಓರಗೆಯವನು, ಒಂದೇ ಬೀದಿಯವನು. ಹಗಲೆಲ್ಲ ಕುರಿಯ ಹಿಂದೆ ಇರುತ್ತಿದ್ದ. ಸಂಜೆ ಬಂದು ಎಡಗೈಯಲ್ಲಿ ಆಟ, ಬಲಗೈಯಲ್ಲಿ ಮುದ್ದೆ. ಕೈ ತೊಳೆಯದೆ ಗುಂಡಿ ಒತ್ತಬಾರದೆಂದು ಅವನ ತಾಯಿ ಮುನಿತಾಯಮ್ಮ ಬೈದದ್ದಕ್ಕೆ ಲೆಕ್ಕವಿಲ್ಲ. ಗುಂಡಿಯ ಅಂಟು ಆ ಮುದ್ದೆಯದು.

ಅವನು ಮನಸ್ಸಿಟ್ಟು ಆಡುತ್ತಿದ್ದದ್ದು ಒಂದೇ ಆಟ. ಈಟಿ ಹಿಡಿದ ಪುಟ್ಟ ಸಿಪಾಯಿ ಒಬ್ಬ ಬಯಲು ದಾಟಬೇಕು, ಸುರಂಗ ದಾಟಬೇಕು, ಕಡೆಗೆ ಕಲ್ಲುಬೆಟ್ಟ ಹತ್ತಬೇಕು. ಒಂದೊಂದಕ್ಕೂ ಒಂದೊಂದು ರಾಗ. ಬೀರೇಶ್ ಅವುಗಳಿಗೆ ತನ್ನದೇ ಹೆಸರಿಟ್ಟಿದ್ದ. ಬಯಲಿಗೆ ಸಾತನೂರು. ಸುರಂಗಕ್ಕೆ ಕನಕಪುರದ ಕ್ವಾರಿ. ಬೆಟ್ಟಕ್ಕೆ ಸಾವನದುರ್ಗ. ಒಲೆಯ ಮುಂದಿನ ತಾಯಿಗೆ ಅಲ್ಲಿಂದಲೇ ಕೂಗಿ ಹೇಳುತ್ತಿದ್ದ, ಕ್ವಾರಿ ಮುಗೀತು ಕಣವ್ವ ಎಂದು. ಶಿವರಾಜು ಆಡಲು ಕುಳಿತರೆ ಗೇಲಿ ಮಾಡುತ್ತಿದ್ದ.

"ನೀನು ಸಾತನೂರೇ ದಾಟಲ್ಲ ಕಣ್ಲಾ. ಮೊಬೈಲ್ ಬಿಚ್ಚೋಕೇ ಸರಿ ನೀನು."

ಜ್ವರ ಬಂದ ದಿನ ಅವನು ಮೊದಲ ಸಲ ಸಾವನದುರ್ಗದ ಬುಡಕ್ಕೆ ಬಂದಿದ್ದ. ಆ ಪೆಟ್ಟಿಗೆಯಲ್ಲಿ ಆಟವನ್ನು ನಡುವೆ ನಿಲ್ಲಿಸಿ ಉಳಿಸಿಡಬಹುದು. ಮುಂದೆ ಯಾವಾಗ ತೆಗೆದರೂ ಅಲ್ಲಿಂದಲೇ ಶುರು. ನಿಲ್ಲಿಸಿದ ಜಾಗದ ಚಿಕ್ಕ ಚಿತ್ರವೊಂದು ಪಟ್ಟಿಯಲ್ಲಿ ಆಟದ ಕೆಳಗೆ ಕಾಣುತ್ತದೆ. ಹಾಗೆ ಉಳಿಸಿಟ್ಟ. ಹುಷಾರಾಗಿ ಬಂದು ಹತ್ತುತ್ತೇನೆಂದು ತಾಯಿಗೆ ಹೇಳಿ ಆಸ್ಪತ್ರೆಗೆ ಹೋದ. ಬರಲಿಲ್ಲ.

ಪಿತೃಪಕ್ಷ ಹತ್ತಿರ ಬಂತು. ತೀರಿಕೊಂಡವರಿಗೆ ಎಡೆ ಇಡುವಾಗ ನಮ್ಮ ಕಡೆ ಅವರಿಗೆ ಪ್ರಿಯವಾದದ್ದನ್ನೆಲ್ಲ ಇಡುತ್ತಾರೆ. ಹೊಸ ಬಟ್ಟೆ ಇಡುತ್ತಾರೆ. ಬೀಡಿ ಸೇದುತ್ತಿದ್ದವರಿಗೆ ಬೀಡಿಯನ್ನೂ ಇಡುತ್ತಾರೆ. ಮುನಿತಾಯಮ್ಮ ಪೆಟ್ಟಿಗೆಯನ್ನು ಸೆರಗಿನಲ್ಲಿ ಮುಚ್ಚಿಕೊಂಡು ಶಿವರಾಜುವಿನ ಅಂಗಡಿಗೆ ಬಂದರು.

"ಸಿವ, ಹೊಸ ಆಟ ಹೊಸ ಆಟ ಅಂತ ಬಡ್ಕೊತಿದ್ದ ಕಣಪ್ಪ ಅವ್ನು. ಬಟ್ಟೆ ಮ್ಯಾಲೆ ಅವ್ನಿಗೆ ಯಾವತ್ತು ಆಸೆ ಇತ್ತು? ಇದ್ಕೆ ಒಸಿ ಹೊಸ ಆಟ ತುಂಬ್ಕೊಡು, ಎಡೆಗೆ ಇಕ್ಕಣ. ಅವ್ನು ನಿಲ್ಸಿ ಹೋಗಿರೋದ್ನ ಮಾತ್ರ ಮುಟ್ಬ್ಯಾಡ."

ಮುಟ್ಟುವುದಿಲ್ಲ ದೊಡ್ಡವ್ವ, ಎಂದು ಇವನು ಮಾತು ಕೊಟ್ಟ.

ಕೆಲಸ ಕಷ್ಟದ್ದಲ್ಲವಂತೆ. ಪೆಟ್ಟಿಗೆಯನ್ನು ವೈರಿನಿಂದ ಕಂಪ್ಯೂಟರಿಗೆ ಸೇರಿಸಬೇಕು. ಒಳಗಿರುವುದನ್ನೆಲ್ಲ ಮೊದಲು ಒಂದು ನಕಲು ತೆಗೆದಿಡಬೇಕು. ಅನಂತರ ಹೊಸ ಆಟಗಳನ್ನು ತುಂಬಬೇಕು. ಕ್ರಮ ಇಷ್ಟೇ. ಆ ಸಂಜೆ ಅವನಿಗೆ ಕೊನೆಯ ಬಸ್ಸಿನ ಆತುರ. ನಕಲು ತೆಗೆಯುವುದಕ್ಕೆ ಹೊತ್ತು ಹಿಡಿಯುತ್ತದೆಂದು ಅದೊಂದನ್ನು ಬಿಟ್ಟ. ಕ್ರಮ ತಪ್ಪಿದ. ತುಂಬುವುದು ಅರ್ಧಕ್ಕೆ ನಿಂತಿತು, ಪೆಟ್ಟಿಗೆ ಮಂಕಾಯಿತು. ಅದನ್ನು ಸರಿಪಡಿಸಲು ಒಳಗಿನದೆಲ್ಲ ಒರಸಿ ಮತ್ತೆ ಮೊದಲಿಂದ ತುಂಬಬೇಕಾಯಿತು. ತುಂಬಿದ. ಹಳೆಯ ಆಟಗಳು ಬಂದವು. ಹೊಸವು ಎಷ್ಟು ಬೇಕೋ ಅಷ್ಟು ಬಂದವು. ಸಿಪಾಯಿಯ ಆಟವೂ ಬಂತು. ಅದರ ಕೆಳಗೆ, ಬೀರೇಶ್ ಉಳಿಸಿಟ್ಟಿದ್ದ ಜಾಗ... ಖಾಲಿ.

ಅಲ್ಲಿಗೇ ನಿಂತಿದ್ದರೆ ಅದು ತಪ್ಪು ಮಾತ್ರ ಆಗುತ್ತಿತ್ತು. ಶಿವರಾಜು ನಿಲ್ಲಲಿಲ್ಲ. ತಾನೇ ಆಡಲು ಕುಳಿತ. ಬಯಲು ದಾಟಲು ಆಗಲಿಲ್ಲ. ಬಯಲಿನ ನಡುವೆ ಎಲ್ಲೋ ಒಂದು ಕಡೆ ನಿಲ್ಲಿಸಿ, ಅದನ್ನು ಬೀರೇಶನ ಜಾಗದಲ್ಲಿ ಉಳಿಸಿಟ್ಟ. ಮುದುಕಿಗೆ ಒಂದು ಚಿತ್ರಕ್ಕೂ ಇನ್ನೊಂದಕ್ಕೂ ಇರುವ ವ್ಯತ್ಯಾಸ ಏನು ಗೊತ್ತಾಗುತ್ತದೆ ಎಂದುಕೊಂಡ. ಸಮಾಧಾನಕ್ಕೆಂದು ಗುಂಡಿಯನ್ನೂ ಬಿಚ್ಚಿ ಚೊಕ್ಕಟ ಮಾಡಿದ. ಹೀಗೆ ಸತ್ತವನ ಆಟವನ್ನೂ ಅಳಿಸಿ, ಅವನ ಕೈಯ ಮುದ್ದೆಯನ್ನೂ ಅಳಿಸಿ, ಬಸ್ಸನ್ನೂ ತಪ್ಪಿಸಿಕೊಂಡು, ನಾನು ಹೇಳಿದ ಆ ಬಾವಿಯ ದಾರಿ ಹಿಡಿದ.

ಬೆಳಿಗ್ಗೆ ಪೆಟ್ಟಿಗೆ ಕೊಡಲು ಹೋದಾಗ ಮುನಿತಾಯಮ್ಮ ಕೇಳಿದ್ದು ಒಂದೇ ಮಾತು. "ಸಾವನದುರ್ಗ ಅಂಗೇ ಐತಾ?"

"ಐತೆ, ದೊಡ್ಡವ್ವ."

ಅದೇ ಆ ಸುಳ್ಳು.

ಅಮಾವಾಸ್ಯೆಯ ರಾತ್ರಿ ಎಡೆ. ಶಿವರಾಜುವನ್ನು ಕರೆದಿದ್ದರು. ಹೋಗದಿದ್ದರೆ ಅನುಮಾನ ಬರುತ್ತದೆಂದು ಹೋದ. ನಡುಮನೆಯಲ್ಲಿ ಬಾಳೆ ಎಲೆ, ಮುದ್ದೆ, ಸಾರು, ವಡೆ. ಎಲೆಯ ಮುಂದೆ ಟಿವಿ. ಪೆಟ್ಟಿಗೆಯನ್ನು ಸಿಕ್ಕಿಸಿ ಆಟಗಳ ಪಟ್ಟಿ ಬರುವಂತೆ ಮಾಡಿ, ಆಡುವ ಗುಂಡಿಗಳಿದ್ದ ಹಿಡಿಯನ್ನು ಎಲೆಯ ಎಡಗಡೆಗೆ ಇಟ್ಟವನು ಇವನೇ.

ಆಮೇಲೆ ಎಲ್ಲರೂ ಹೊರಗೆ ಬಂದು ಬಾಗಿಲು ಎಳೆದುಕೊಂಡರು. ಕ್ರಮ ನಿಮಗೆ ಗೊತ್ತು. ಹಿರಿಯರು ಬಂದು ಉಂಡು ಹೋಗುವ ತನಕ ಒಳಗೆ ಯಾರೂ ಇರಕೂಡದು. ಹೊರಗಿನವರು ಏನೂ ತಿನ್ನಕೂಡದು. ಸ್ವಲ್ಪ ಹೊತ್ತು ಬಿಟ್ಟು ಬಾಗಿಲು ತಟ್ಟಿ, ತೆರೆದು, ಆಮೇಲೆ ಊಟ. ಜಗಲಿಯ ಮೇಲೆ ಮೂವರೂ ಕುಳಿತರು. ಹೊನ್ನಯ್ಯ, ಮುನಿತಾಯಮ್ಮ, ಶಿವರಾಜು. ಕೊಟ್ಟಿಗೆಯಲ್ಲಿ ಒಂದು ಕುರಿ ಕೆಮ್ಮಿತು.

ಟಿಕ್... ಟಕ್.

ಬಾಗಿಲ ಒಳಗಿನಿಂದ.

ಹೊನ್ನಯ್ಯ ತಲೆ ಎತ್ತಿದ. ಮುನಿತಾಯಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡರು. ಹೆದರಿ ಅಲ್ಲ... ಮಗ ಬಂದನೆಂದು. ಟಿಕ್... ಟಕ್. ಆಟ ತೆರೆಯಿತು. ಟುಣುಟುಣು ಟುಣುಟುಣು ಎಂದು ಹಗುರವಾದ ಒಂದು ರಾಗ ಎದ್ದಿತು. ಎದ್ದದ್ದು ತಟ್ಟನೆ ನಿಂತಿತು. ಟಿಕ್... ಟಕ್. ಅದೇ ರಾಗ. ಮತ್ತೆ ನಿಂತಿತು. ಟಿಕ್... ಟಕ್, ಟಿಕ್... ಟಕ್. ಮತ್ತೆ ಅದೇ ರಾಗ.

ಅದು ಆಡುವವನ ಸದ್ದಾಗಿರಲಿಲ್ಲ. ಇಟ್ಟ ವಸ್ತು ಇಟ್ಟ ಜಾಗದಲ್ಲಿ ಇಲ್ಲದೆ, ಒಂದೊಂದೇ ಡಬ್ಬಿ ತೆಗೆದು ಮುಚ್ಚಿ, ತೆಗೆದು ಮುಚ್ಚಿ ಹುಡುಕುವವನ ಸದ್ದು.

"ಇಷ್ಟೊತ್ತು ಉಣ್ತಾನಾ ಇವ್ನು?" ಹೊನ್ನಯ್ಯ ಪಿಸುಗುಟ್ಟಿದ. "ಬದುಕಿದ್ದಾಗ್ಲೂ ಇಂಗೇ. ಮುದ್ದೆ ತಣ್ಣಗಾಗೋಗಂಟ."

ಮುನಿತಾಯಮ್ಮ ರಾಗ ಕೇಳುತ್ತಿದ್ದರು. ಕೇಳಿ, ನಿಧಾನವಾಗಿ ಶಿವರಾಜುವಿನ ಕಡೆಗೆ ತಿರುಗಿದರು.

"ಸಿವ... ಇದು ಸಾತನೂರು."

ಇವನು ನೆಲ ನೋಡಿದ.

"ಅವ್ನು ಸಾವನದುರ್ಗದಲ್ಲಿ ನಿಂತಿದ್ದ. ಇಲ್ಯಾಕೆ ಹುಡುಕ್ತಾ ಅವ್ನೆ?"

ಆಗ ಶಿವರಾಜು ಹೇಳಿದ. ನಕಲು ತೆಗೆಯದೆ ಹೋದದ್ದು, ಅಳಿಸಿಹೋದದ್ದು, ತನ್ನದೊಂದನ್ನು ಅದರ ಜಾಗದಲ್ಲಿ ಇಟ್ಟದ್ದು, ಐತೆ ಎಂದು ಸುಳ್ಳಾಡಿದ್ದು, ಎಲ್ಲವನ್ನೂ. ಮುನಿತಾಯಮ್ಮ ಬೈಯಲಿಲ್ಲ. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ ಮಾವ, ಎಂದು ನನ್ನ ಹತ್ತಿರ ಹೇಳಿದ. ಅವರು ಬಾಗಿಲಿನ ಕಡೆ ಕೈ ತೋರಿಸಿದರು, ಅಷ್ಟೆ.

"ನಂಗಲ್ಲ. ಅವ್ನಿಗೆ ಹೇಳು."

ಶಿವರಾಜು ಮೊಣಕಾಲೂರಿ ಬಾಗಿಲ ಸಂದಿಗೆ ಬಾಯಿ ಇಟ್ಟ. ಒಳಗೆ ಹುಡುಕಾಟ ನಡೆದೇ ಇತ್ತು.

"ಬೀರ... ನಾನು ಕಣ್ಲಾ. ಹುಡುಕ್ಬ್ಯಾಡ. ಅದಿಲ್ಲ. ನಾನೇ ಅಳಿಸ್ಬುಟ್ಟೆ. ಅವ್ವಂಗೂ ಸುಳ್ಳು ಹೇಳ್ಬುಟ್ಟೆ."

ಸದ್ದು ನಿಂತಿತು.

ಬಾಗಿಲಿನ ಆ ಕಡೆ, ಅವನ ಮುಖದ ಎತ್ತರದಲ್ಲೇ, ಯಾರೋ ಮೂಗಿನಿಂದ ಉಸಿರು ಬಿಟ್ಟರು. ಮರದ ಸಂದಿಯಿಂದ ಆ ಉಸಿರು ಅವನ ತುಟಿಗೆ ತಾಗಿತು... ಹಸಿ ಈರುಳ್ಳಿಯ ವಾಸನೆ. ಮುದ್ದೆಯ ಜೊತೆ ಈರುಳ್ಳಿ ಕಚ್ಚುವುದು ಬೀರೇಶನ ರೂಢಿ. ಎಲೆಯ ತುದಿಗೆ ಮುನಿತಾಯಮ್ಮ ಒಂದನ್ನು ಇಟ್ಟಿದ್ದರು.

ತುಂಬ ಹೊತ್ತಾದ ಮೇಲೆ... ಟಿಕ್. ಟಕ್. ಸಾತನೂರಿನ ರಾಗ ಮೊದಲಿಂದ ಎದ್ದಿತು. ಈ ಸಲ ನಿಲ್ಲಲಿಲ್ಲ.

ಬಾಗಿಲು ತಟ್ಟೋಣವೆಂದು ಹೊನ್ನಯ್ಯ ಎದ್ದ. ಮುನಿತಾಯಮ್ಮ ಅವನ ಪಂಚೆ ಹಿಡಿದು ಕೂರಿಸಿದರು. ಅವನು ಮೊದಲಿಂದ ಆಡುತ್ತಿದ್ದಾನೆ, ನಿಂತಿದ್ದ ಜಾಗಕ್ಕೆ ಹೋಗಿ ಸೇರಲಿ, ಅಲ್ಲಿಯ ತನಕ ಯಾರೂ ತೆಗೆಯಬೇಡಿ ಎಂದರು. ಮೂವರೂ ಉಪವಾಸ ಕುಳಿತರು. ಸುರಂಗದ ರಾಗ ಬಂತು, ಗುಂ ಗುಂ ಎಂದು ಅಡಗಿದ ದನಿಯಲ್ಲಿ. ಮುನಿತಾಯಮ್ಮ "ಕ್ವಾರಿ" ಎಂದರು. ಎಷ್ಟೋ ಸಲ ಸಿಪಾಯಿ ಬಿದ್ದ. ಬಿದ್ದಾಗಲೆಲ್ಲ ಮೇಲಿಂದ ಕೆಳಕ್ಕೆ ಜಾರುವ ಒಂದು ದನಿ, ಕೊನೆಗೆ ಢಬ್. ಪ್ರತಿ ಢಬ್ಬಿಗೂ ಶಿವರಾಜು ಕುಳಿತಲ್ಲೇ ಕುಗ್ಗಿದ. ಅವನಿಗೆ ನಿದ್ದೆ ಬರಲಿಲ್ಲ. ಬರಕೂಡದು.

ಕೋಳಿ ಕೂಗುವ ಹೊತ್ತಿಗೆ ತಮಟೆ ಬಡಿದಂಥ ಒಂದು ರಾಗ ಎದ್ದಿತು. ಧಿಂ... ಧಿಂ... ಧಿಂ. ಆ ಮನೆಯಲ್ಲಿ ಅದು ಹಿಂದೆ ಕೇಳಿದ್ದು ಒಂದೇ ಸಂಜೆ.

"ಬಂದ," ಎಂದರು ಮುನಿತಾಯಮ್ಮ. ರಾಗ ನಿಂತಿತು. ಅವರು ಎದ್ದು ಬಾಗಿಲು ತಟ್ಟಿದರು.

ಒಳಗೆ ಯಾರೂ ಇರಲಿಲ್ಲ. ಟಿವಿಯಲ್ಲಿ ಆಟಗಳ ಪಟ್ಟಿ. ಸಿಪಾಯಿಯ ಆಟದ ಕೆಳಗೆ ಉಳಿಸಿಟ್ಟ ಜಾಗಗಳು ಎರಡು. ಒಂದರಲ್ಲಿ ಶಿವರಾಜು ಬಯಲಿನಲ್ಲಿ ನಿಲ್ಲಿಸಿದ್ದ ಸಿಪಾಯಿ. ಇನ್ನೊಂದರಲ್ಲಿ ಸಿಪಾಯಿ ಕಲ್ಲುಬೆಟ್ಟದ ಬುಡದಲ್ಲಿ ಈಟಿ ಊರಿ ನಿಂತಿದ್ದ. ಹೊಸ ಆಟಗಳನ್ನು ಯಾರೂ ತೆರೆದಿರಲಿಲ್ಲ.

ತನ್ನದನ್ನು ಈಗಲೇ ಅಳಿಸಿಬಿಡುತ್ತೇನೆಂದು ಶಿವರಾಜು ಕೈ ಚಾಚಿದ. ಮುನಿತಾಯಮ್ಮ ಬಿಡಲಿಲ್ಲ.

"ಇರ್ಲಿ ಬುಡು. ಅಳ್ಸಿದ್ದು ಸಾಕು. ಅದು ನಿಂದು, ನೋಡ್ಕೊಂಡಿರು."

ಅದು ಇವತ್ತಿಗೂ ಅಲ್ಲೇ ಇದೆ. ಪ್ರತಿ ಪಕ್ಷಕ್ಕೂ ಎಡೆಯ ಮುಂದೆ ಟಿವಿ ಹಚ್ಚುವವನು ಶಿವರಾಜುವೇ. ಪ್ರತಿ ಪಕ್ಷಕ್ಕೂ ಅದನ್ನು ನೋಡಿಯೇ ಹೊರಗೆ ಬರುತ್ತಾನೆ. ಈಗ ಅಂಗಡಿಯಲ್ಲಿ ಯಾರ ಯಾವ ವಸ್ತು ಬಂದರೂ ನಕಲು ತೆಗೆಯದೆ ಮುಟ್ಟುವುದಿಲ್ಲ.

ನಿಮ್ಮ ಮುಖ ನೋಡಿದರೆ ಸಂಶಯ ಕಾಣುತ್ತದೆ. ನನಗೂ ಇತ್ತು. ಆದುದರಿಂದ ಹೊನ್ನಯ್ಯನ ಮನೆಗೆ ಹೋದೆ. ಹಗಲಿನಲ್ಲಿ ಹೋದೆ. ಟಿವಿ ಹಚ್ಚಿಸಲಿಲ್ಲ, ಪೆಟ್ಟಿಗೆಯ ವೈರು ತೆಗೆಸಿ, ಗುಂಡಿಗಳ ಆ ಹಿಡಿಯನ್ನು ಕೈಗೆ ಕೊಡಿಸಿಕೊಂಡೆ. ಶಿವರಾಜು ಸ್ಪಿರಿಟ್ ಹಾಕಿ ತೊಳೆದಿದ್ದನಲ್ಲ, ಆ ಗುಂಡಿ. ಅದರ ಅಂಚಿನ ಸುತ್ತ ಒಣಗಿದ ರಾಗಿ ಮುದ್ದೆ ಕಟ್ಟಿಕೊಂಡಿತ್ತು. ಹೆಬ್ಬೆರಳಿನಿಂದ ಒತ್ತಿದೆ.

ಟಿಕ್.

ಕಾಯುತ್ತಾ ನಿಂತೆ.

ಟಕ್.