ಎಲೆಗೆ ಅಂಟಿಸಿದ ಕಪ್ಪು ಕಾಗದ

ಔಷಧಿ ಅಂಗಡಿಯ ಮುಂದಿನ ಸಾಲು ಆಮೆಯಂತೆ ತೆವಳುತ್ತಿತ್ತು. ದರ್ಜಿ ತನ್ನ ಮಂಡಿನೋವಿಗೆ ಹಿಡಿಶಾಪ ಹಾಕುತ್ತ ನಿಂತಿದ್ದ. ಅವನ ಮುಂದಿದ್ದ ಗಂಡ ಹೆಂಡತಿಯ ಮಾತು ಬೇಡವೆಂದರೂ ಕಿವಿಗೆ ಬೀಳುತ್ತಿತ್ತು.

“ಈಗ ಅಯೋಡಿನ್ ಯಾಕ್ರೀ?”

“ಮಗಳು ಶುರು ಮಾಡಿದ ಪ್ರಯೋಗಾನ ನಾವಾದ್ರೂ ಮುಗಿಸೋಣ ಕಣೇ. ಅಯೋಡಿನ್ ಹಾಕಿದ್ರೆ ಬೆಳಕು ಬಿದ್ದ ಕಡೆ ಮಾತ್ರ ಎಲೆ ಕಪ್ಪಾಗುತ್ತಂತೆ. ಅದನ್ನ ನೋಡ್ಬೇಕು ಅಂತ ಎಷ್ಟು ಕುಣೀತಿದ್ಲು.”

“ಅದಕ್ಕೆ ಎಲೆ ಕಿತ್ತು ಕುದಿಸ್ಬೇಕು. ಅವಳು ಮುಟ್ಟಿದ ಎಲೇನ ನನ್ನ ಕೈಯಲ್ಲಿ ಕುದಿಸೋಕಾಗಲ್ಲ.”

“ಹಾಗಂತ ಹಾಗೇ ಬಿಡ್ತೀಯಾ? ಎರಡು ದಿನಕ್ಕೆ ಅಂತ ಅಂಟಿಸಿದ ಕಾಗದ ಅದು.”

“ಯಾರೂ ಮುಟ್ಬೇಡಿ, ಆಸ್ಪತ್ರೆಯಿಂದ ಬಂದು ನಾನೇ ತೆಗೀತೀನಿ ಅಂದಿದ್ಲು.”

“ಅವಳೇ ಬರ್ಲಿಲ್ಲ. ತಿಂಗಳಾಯ್ತು.”

ಸಾಲು ಒಂದು ಹೆಜ್ಜೆ ಮುಂದೆ ಸರಿಯಿತು. ದರ್ಜಿಗೆ ಕಾಲೆತ್ತುವುದು ಮರೆತುಹೋಯಿತು.

“ಕ್ಲೋರೋಪ್ಲಾಸ್ಟ್ ಅಂದ್ರೆ ಎಲೆಯೊಳಗಿನ ಪುಟ್ಟ ಪುಟ್ಟ ಅಡುಗೆಮನೆ ಕಣಮ್ಮ ಅಂತಿದ್ಲು. ಬೆಳಕು ಬಿದ್ರೇನೇ ಒಲೆ ಹತ್ತೋದಂತೆ, ಅಲ್ವಾ?”

“ಹೂಂ.”

“ಹಾಗಾದ್ರೆ ಕಾಗದದ ಕೆಳಗೆ ಇಷ್ಟು ದಿನಾನೂ ಒಲೆ ಹತ್ತಿಲ್ಲ.”

“ಅಲ್ಲಿ ಎಲೆ ಹಳದಿಯಾಗಿರುತ್ತೆ.”

“ನಾನು ದಿನಾ ಬೆಳಗ್ಗೆ ನೀರು ಹಾಕ್ತಿದ್ದೆ ಕಣ್ರೀ. ಅಷ್ಟೇ ಸಾಕು ಅಂದ್ಕೊಂಡಿದ್ದೆ.”

ಅವರ ಸರದಿ ಬಂತು. “ಏನು ಕೊಡ್ಲಿ?” ಅಂಗಡಿಯವನು ಕೇಳಿದ.

ಗಂಡ ಬಾಯಿ ತೆರೆಯುವಷ್ಟರಲ್ಲಿ ಹೆಂಡತಿ ಅವನ ತೋಳು ಹಿಡಿದಳು.

“ಏನೂ ಬೇಡ. ಬನ್ರೀ, ಬೇಗ ಮನೆಗೆ ಹೋಗೋಣ. ಬಿಸಿಲಿರುವಾಗ್ಲೇ ಕಾಗದ ತೆಗೀಬೇಕು.”