ಸಭಾತ್ಯಾಗ ಮಾಡಿದ ವಕೀಲ

ಒಬ್ಬ ವಕೀಲ ಇದ್ದ, ಒಂದು ತಾಲ್ಲೂಕು ಊರಲ್ಲಿ. ಊರಿನ ಹೆಸರು ಕೇಳಬೇಡಿ, ಹೇಳಿದರೆ ಮಠದಲ್ಲಿ ಕೂತು ಕಥೆ ಕೇಳೋದು ಬಿಟ್ಟು ಅವನು ಯಾರ ಪೈಕಿ ಅಂತ ಹುಡುಕೋಕೆ ಶುರು ಮಾಡ್ತೀರಿ. ಒಳ್ಳೆ ವಕೀಲ. ಪಾಟೀಸವಾಲಿಗೆ ನಿಂತನೆಂದರೆ ಸುಳ್ಳು ಸಾಕ್ಷಿ ಬೆವರಬೇಕು, ಅಂಥವನು.

ಉಪಚುನಾವಣೆ ಬಂತು. ಜನ ಅವನನ್ನೇ ನಿಲ್ಲಿಸಿದರು, ಗೆಲ್ಲಿಸಿದರು. ವಿಧಾನಸಭೆಗೆ ಹೋಗಿ ಅವನು ಏನು ಕಲಿತ? ನೋಡಿ, ಒಂದೇ ಒಂದು ವಿದ್ಯೆ ಕಲಿತ. ಸಭಾತ್ಯಾಗ. ಅಧ್ಯಕ್ಷರು ಮಾತಾಡೋಕೆ ಬಿಡಲಿಲ್ಲ, ಎದ್ದ, ಹೊರಗೆ ಬಂದ. ಹಿಂದೆ ಹತ್ತು ಜನ ಬಂದರು. ಕಾಫಿ ಸಿಕ್ಕಿತು. ಮಾರನೇ ದಿನ ಪೇಪರಲ್ಲಿ ಫೋಟೋ ಬಂತು. ಇಷ್ಟು ಸುಲಭದ ಕೆಲಸ ಲೋಕದಲ್ಲಿ ಇನ್ನೊಂದಿದೆಯಾ? ವರ್ಷ ತುಂಬೋದರೊಳಗೆ ಸಭೆಯೇ ವಿಸರ್ಜನೆ ಆಯ್ತು. ಮುಂದಿನ ಚುನಾವಣೇಲಿ ಸೋತ. ಕರಿ ಕೋಟು ಇಸ್ತ್ರಿ ಮಾಡಿಸಿ ಕೋರ್ಟಿಗೆ ವಾಪಸ್ ಬಂದ.

ಅಲ್ಲಿ ಒಬ್ಬಳು ಅವನಿಗಾಗಿಯೇ ಕಾದಿದ್ದಳು. ಗಂಡ ತೀರಿಕೊಂಡಿದ್ದ, ಬಟ್ಟೆ ಹೊಲಿದು ಮಕ್ಕಳನ್ನು ಸಾಕ್ತಿದ್ದಳು. ಅವಳಿದ್ದ ಎರಡು ಕೋಣೆ ಮನೆಯನ್ನು ಅಣ್ಣ ನನಗೇ ಬರೆದುಕೊಟ್ಟಿದ್ದಾನೆ ಅಂತ ಮೈದುನ ಕೇಸು ಹಾಕಿದ್ದ. ಸುಳ್ಳು. ಆದರೆ ಆ ಸುಳ್ಳು ಹೊರಗೆ ಬರಬೇಕಾದರೆ ಕಟಕಟೆಯಲ್ಲಿ ನಿಲ್ಲಿಸಿ ಕೇಳೋರು ಬೇಕಲ್ಲ? ಬೇರೆ ವಕೀಲರು ಬೇಡ, ಸಾಹೇಬರೇ ಬರಲಿ ಅಂತ ವಾಯಿದೆ ಮೇಲೆ ವಾಯಿದೆ ಕೇಳಿಕೊಂಡು ಕೂತಿದ್ದಳು.

ಆ ದಿನ ಬಂತು. ಮೈದುನ ಕಟಕಟೆ ಹತ್ತಿದ. ನಮ್ಮ ವಕೀಲ ಎರಡು ಪ್ರಶ್ನೆ ಕೇಳಿದ. ಮೂರನೆಯದಕ್ಕೆ ನ್ಯಾಯಾಧೀಶರು, ಅದು ಈ ಕೇಸಿಗೆ ಸಂಬಂಧವಿಲ್ಲ, ಬೇರೆ ಕೇಳಿ ಅಂದರು. ಅಷ್ಟೇ ಅಂದಿದ್ದು. ನಮ್ಮವನಿಗೆ ಎಲ್ಲಿದ್ದೀನಿ ಅನ್ನೋದೇ ಮರೆತುಹೋಯ್ತು. "ಇದನ್ನು ಖಂಡಿಸಿ ನಾನು ಸಭಾತ್ಯಾಗ ಮಾಡ್ತಿದ್ದೇನೆ" ಅಂದ. ಹೊರಟೇಬಿಟ್ಟ.

ನ್ಯಾಯಾಧೀಶರು ಸ್ವಲ್ಪ ಹೊತ್ತು ಬಾಗಿಲು ನೋಡಿದರು. ಆಮೇಲೆ ಮುಂದಿನ ಪ್ರಶ್ನೆ ಇಲ್ಲ ಅಂತ ಬರೆಸಿ, ಸಾಕ್ಷಿಯನ್ನು ಇಳಿಸಿ, ಬೇರೆ ಕೇಸು ಕೂಗಿಸಿದರು. ಹೊರಗೆ ವರಾಂಡದಲ್ಲಿ ನಮ್ಮವನು ಹಿಂದೆ ತಿರುಗಿ ನೋಡಿದ. ಹತ್ತು ಜನ ಬಂದಿರಲಿಲ್ಲ. ಅವಳೊಬ್ಬಳೇ ಬಂದಿದ್ದಳು.

ಬೈಯಲಿಲ್ಲ ಅವಳು. "ಸಾಹೇಬ್ರೆ, ನಿಮಗೆ ಸಿಟ್ಟು ಬಂತು, ಎದ್ದು ಬಂದ್ರಿ. ನಾನು ಎದ್ದು ಎಲ್ಲಿಗೆ ಹೋಗ್ಲಿ?" ಅಂದಳು.

ಒಳಗೆ ಓಡಿದ, ಕೈ ಮುಗಿದ, ಸಾಕ್ಷಿಯನ್ನು ಮತ್ತೆ ಕರೆಸಿ ಅಂತ ಅರ್ಜಿ ಹಾಕಿದ. ಇದು ವಿಧಾನಸಭೆಯಲ್ಲ ಅಂತ ನ್ಯಾಯಾಧೀಶರು ವಜಾ ಮಾಡಿದರು. ಕೆಲವು ತಿಂಗಳಿಗೆ ಕೇಸು ಸೋತು ಅವಳು ಹೊಲಿಗೆ ಮಷೀನನ್ನು ಗಾಡಿಗೆ ಹಾಕಿಕೊಂಡು ಆ ಮನೆ ಬಿಟ್ಟಳು.

ಇಷ್ಟೊತ್ತು ನಗ್ತಾ ಇದ್ದಿರಿ. ವಕೀಲ ದಡ್ಡ ಅಂದುಕೊಂಡಿರಾ? ನೀವೇನು ಮಾಡ್ತೀರಿ? ಸಾರಿಗೆ ಉಪ್ಪು ಜಾಸ್ತಿ, ತಟ್ಟೆ ತಳ್ಳಿ ಏಳ್ತೀರಿ. ಸಭಾತ್ಯಾಗ. ತಮ್ಮ ಒಂದು ಮಾತು ಅಂದ, ವರ್ಷಗಟ್ಟಲೆ ಅವನ ಹೊಸ್ತಿಲು ತುಳಿಯಲ್ಲ. ಸಭಾತ್ಯಾಗ. ಮಗಳು ಎದುರು ಮಾತಾಡಿದಳು, ಟವೆಲ್ ಹೆಗಲಿಗೆ ಹಾಕಿ ಕಟ್ಟೆಗೆ ಬಂದು ಕೂರ್ತೀರಿ. ಹೆಂಗಸರು ತಲೆ ಆಡಿಸೋದು ಬೇಡ, ಮಾತಿನ ಮಧ್ಯೆ ಫೋನ್ ಕಟ್ ಮಾಡೋದೂ ಅದೇ. ಎದ್ದವರಿಗೆ ಕಟ್ಟೆ ಇದೆ, ಹೋಟೆಲಿದೆ, ಈ ಮಠವೂ ಇದೆ. ಒಳಗೆ ಉಳಿದವರಿಗೆ ಏನಿದೆ?

ಸಿಟ್ಟು ಬರಲಿ. ಬರಬೇಡ ಅಂದರೆ ಅದು ಕೇಳುತ್ತಾ? ಬರಲಿ, ಆದರೆ ಕೂತಲ್ಲೇ ಕೂತಿರಿ. ಉಪ್ಪಾದರೆ ಮಜ್ಜಿಗೆ ಹಾಕಿಸಿಕೊಂಡು ಉಣ್ಣಿ. ಮಗಳ ಮಾತು ಪೂರ್ತಿ ಕೇಳಿ. ತಮ್ಮನ ಮನೆಗೆ ಇವತ್ತೇ ಹೋಗಿ, ಅವನು ಮಾತಾಡಿಸದಿದ್ದರೂ ಒಂದು ಗಳಿಗೆ ಅಲ್ಲೇ ಕೂತು ಬನ್ನಿ. ನಿಮ್ಮನ್ನು ನಂಬಿ ಕೂತವರನ್ನು ಬಿಟ್ಟು ಎದ್ದು ಹೋಗೋ ಹಕ್ಕು ನಿಮಗಿಲ್ಲ.