ಮಾವಯ್ಯನಿಗೆ ಮಾತು ಹೇಳಿಕೊಟ್ಟವರು

ಅವತ್ತು ಶೂಟಿಂಗ್ ಮುಗಿದಾಗ ರಾತ್ರಿ ಎರಡು ಗಂಟೆ. ಸ್ಟುಡಿಯೋದಿಂದ ಮನೆಗೆ ಬರೋ ದಾರಿಯಲ್ಲಿ ಒಂದು ಹಾಳು ಬಾವಿ. ನಮ್ಮ ದೊಡ್ಡಪ್ಪನ ಜೊತೆ ನಡೆದು ಬರ್ತಿದ್ದ ಮಾವಯ್ಯ ಬಾವಿಕಟ್ಟೆ ಮೇಲೆ ಕೂತುಬಿಟ್ಟ.

"ನೀವು ನಡೀರಿ. ನಾಳೆಯ ಮಾತು ಬಾಯಿಪಾಠ ಮಾಡ್ಕೊಂಡು ಬರ್ತೀನಿ."

ಕಣ್ಣಿಗೆ ಬೆರಳಿಟ್ಟರೂ ಕಾಣದ ಕತ್ತಲೆ. ಏನು ನೋಡಿ ಬಾಯಿಪಾಠ ಮಾಡ್ತಾನೆ ಇವನು?

ಕಟ್ಟುಕತೆ ಅಂದ್ಕೋಬೇಡಿ. ಸಿನಿಮಾ ಆಗಷ್ಟೇ ಮಾತಾಡೋಕೆ ಕಲಿತಿದ್ದ ಕಾಲ ಅದು. ದೊಡ್ಡಪ್ಪನದು ಧ್ವನಿ ಹಿಡಿಯೋ ಕೆಲಸ. ಆಡಿದ ಮಾತನ್ನ ಅಲ್ಲೇ, ಆಗಲೇ ಹಿಡೀಬೇಕು. ಹಗಲಲ್ಲಿ ಗಾಡಿ, ಕಾಗೆ, ಬೀದಿ ಜಗಳ... ಅದಕ್ಕೇ ಕೆಲಸವೆಲ್ಲ ರಾತ್ರಿ.

ಮಾವಯ್ಯ ನಾಟಕದಿಂದ ಬಂದವನು. ನಲವತ್ತೂ ಆಗಿರಲಿಲ್ಲ. ಮೊದಲ ಚಿತ್ರದಲ್ಲೇ ಗಡ್ಡ ಅಂಟಿಸಿ ನಾಯಕಿಯ ಮಾವನನ್ನಾಗಿ ಮಾಡಿದರು. ಗಡ್ಡ ಬಿಚ್ಚಿದರೂ ಹೆಸರು ಬಿಡಲಿಲ್ಲ. ಎರಡು ವರ್ಷದಲ್ಲಿ ನಾಲ್ಕು ಚಿತ್ರ, ನಾಲ್ಕರಲ್ಲೂ ಮುದುಕ. ನಾಯಕ ಹನ್ನೊಂದು ಸಲ ತಡವರಿಸಿದ ಕಡೆ ಇವನದು ಒಂದೇ ಏಟಿಗೆ. ಒಂದಕ್ಷರ ತಪ್ಪಲ್ಲ.

ಆ ರಾತ್ರಿ ದೊಡ್ಡಪ್ಪ ಬಾವಿ ಹತ್ತಿರದ ಗೋಡೆ ಮರೆಯಲ್ಲಿ ನಿಂತರು. ಮೊದಲು ಒಂದು ಪಿಸುಮಾತು... ಒಣಗಿದ ಗಂಟಲಿನದು. ಅದನ್ನೇ ಮಾವಯ್ಯ ಜೋರಾಗಿ ಹೇಳಿದ. ಮತ್ತೆ ಪಿಸುಮಾತು. ಮತ್ತೆ ಮಾವಯ್ಯ.

ಯಾರೋ ಇದ್ದಾರೆ! ನಮ್ಮ ಕತೆಯನ್ನ ಬೇರೆ ಕಂಪನಿಗೆ ಮುಟ್ಟಿಸ್ತಿದ್ದಾನೆ ಕಳ್ಳ, ಅಂದುಕೊಂಡರು ದೊಡ್ಡಪ್ಪ.

ಮರುದಿನ ರಾತ್ರಿ ಸೆಟ್ಟಿನಲ್ಲಿ ಹೆಡ್‌ಫೋನ್ ಹಾಕ್ಕೊಂಡು ಕೂತರು. ಶಾಟ್ ಶುರುವಾಯ್ತು. ಮಾವಯ್ಯ ಬಾಯಿ ತೆರೆಯೋದಕ್ಕೆ ಒಂದು ಕ್ಷಣ ಮುಂಚೆ, ಕಿವಿಯಲ್ಲಿ... ಅದೇ ಒಣ ಗಂಟಲು.

"ನಿಲ್ಲಿಸಿ! ಒಳಗೆ ಯಾರೋ ಹೇಳಿಕೊಡ್ತಿದ್ದಾರೆ."

ಮಂಚದ ಕೆಳಗೆ, ಪರದೆ ಹಿಂದೆ, ಮೇಲಿನ ಅಟ್ಟ, ಎಲ್ಲ ಹುಡುಕಿದರು. ಒಂದು ನರಪಿಳ್ಳೆಯೂ ಇಲ್ಲ. ನಿರ್ದೇಶಕರಿಗೆ ತಲೆಕೆಟ್ಟು, ಬೇಕಾದವರನ್ನಷ್ಟೇ ಉಳಿಸಿ ಬಾಗಿಲು ಹಾಕಿಸಿದರು.

ಮಾವಯ್ಯ ಬೆವರ್ತಿದ್ದ. ದೊಡ್ಡಪ್ಪನ ಹತ್ತಿರ ಬಂದು ಮೆಲ್ಲಗೆ ಕೇಳಿದ, "ನಿಮಗೂ ಕೇಳಿಸ್ತಾ?"

"ಯಾರದು?"

"ನನಗೆ ಓದು ಬರಲ್ಲ. ನಾಟಕದಲ್ಲಿ ಅಣ್ಣ ಹಾಳೆ ಹಿಡಿದು ಮರೆಯಲ್ಲಿ ನಿಂತು ಹೇಳಿಕೊಡ್ತಿದ್ದ."

"ಈಗೆಲ್ಲಿ ಅವನು?"

"ನಾನು ಸಿನಿಮಾ ಸೇರೋ ಹಿಂದಿನ ವಾರ... ಆ ಬಾವಿಗೆ ಕಾಲು ಜಾರಿ ಬಿದ್ದ."

ಅಷ್ಟರಲ್ಲಿ ನಿರ್ದೇಶಕರು ಕೂಗಿದರು. ಮತ್ತೆ ಅದೇ ದೃಶ್ಯ. ಸೊಸೆಯ ಒಡವೆ ಕದ್ದ ಅಪವಾದ ಹೊತ್ತ ಮಾವ, ಕೈಮುಗಿದು "ನಾನು ಮುಟ್ಟಿಲ್ಲ ತಾಯಿ, ನನ್ನನ್ನು ನಂಬು" ಅನ್ನಬೇಕು.

ಕ್ಯಾಮೆರಾ ಗರಗರ ಅಂತು. ಹೆಡ್‌ಫೋನಿನಲ್ಲಿ ಪಿಸುಮಾತು ಬಂತು. ಆದರೆ ಅದು ಹೇಳಿದ್ದು ಬೇರೆ.

ಹೇಳಿಕೊಟ್ಟದ್ದನ್ನ ಹೇಳಿಯೇ ರೂಢಿ ಅಲ್ವಾ ಅವನಿಗೆ? ಕೈಮುಗಿದು, ಕಣ್ಣಲ್ಲಿ ನೀರು ತಂದು, ತುಂಬಿದ ದನಿಯಲ್ಲಿ ಹೇಳಿಬಿಟ್ಟ:

"ನಾನೇ ತಳ್ಳಿದೆ ತಾಯಿ, ನನ್ನನ್ನು ನಂಬು."

"ಕಟ್!"

ಸೊಸೆ ಪಾತ್ರದಾಕೆ ನಕ್ಕಳು. ಬೇರೆ ಯಾರೂ ನಗಲಿಲ್ಲ. ಮಾವಯ್ಯ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡ. ಆಮೇಲೆ ಅಂಟಿಸಿದ್ದ ಗಡ್ಡ ಕಿತ್ತು ಕುರ್ಚಿ ಮೇಲಿಟ್ಟ. "ನಾನಿಲ್ದೆ ನಿನಗೆ ಒಂದು ಮಾತೂ ಹೊರಡಲ್ಲ, ಸಿನಿಮಾಕ್ಕೆ ಹೆಂಗೆ ಹೋಗ್ತೀಯ ನೋಡ್ತೀನಿ ಅಂದಿದ್ದ ಅಣ್ಣ," ಅಂತ ದೊಡ್ಡಪ್ಪನಿಗೆ ಹೇಳಿ, ಸೀದಾ ಪೊಲೀಸ್ ಠಾಣೆಗೆ ನಡೆದ.

"ಸಾಕ್ಷಿ ಯಾರು?" ಅಂದರಂತೆ ಅಲ್ಲಿ. ಇವನು ಹಿಂದೆ ತಿರುಗಿ ನೋಡಿದನಂತೆ. ಹುಚ್ಚ ಅಂತ ಕಳಿಸಿಬಿಟ್ಟರು. ಆಮೇಲೆ ಅವನು ಯಾವ ಚಿತ್ರದಲ್ಲೂ ಕಾಣಲಿಲ್ಲ, ಯಾರ ಹತ್ತಿರವೂ ಮಾತಾಡಲಿಲ್ಲ. ಆ ಪಾತ್ರವನ್ನ ಇನ್ನೊಬ್ಬ ಮಾಡಿದ.

ಆ ಶಾಟಿನ ಫಿಲಂ ಸುಟ್ಟುಹಾಕು ಅಂದಿದ್ದರು ನಿರ್ದೇಶಕರು. ಸುಡೋ ಮುಂಚೆ ದೊಡ್ಡಪ್ಪ ಒಂದೇ ಒಂದು ಸಲ ಹಾಕಿ ಕೇಳಿದರು. ನನ್ನ ಕೈ ಹಿಡಿದು ಹೇಳಿದ್ದಾರೆ, ಸುಳ್ಳಾಡೋ ಮನುಷ್ಯ ಅಲ್ಲ ಅವರು. ಪಿಸುಮಾತು ಅದರಲ್ಲಿ ಇರಲೇ ಇಲ್ಲ. ಮಾವಯ್ಯನ ಮಾತಿತ್ತು. "ಕಟ್" ಅಂದದ್ದಿತ್ತು. ಆಕೆ ನಕ್ಕದ್ದಿತ್ತು.

ಅದಾದ ಮೇಲೆ, ಮೈಕಿಗೆ ತೀರಾ ಹತ್ತಿರ... ಯಾರೋ ನಿಧಾನವಾಗಿ ಹಾಳೆ ತಿರುವಿದ ಸದ್ದು.